ಹಾಲಿನ ಕ್ಯಾನಿನ ಎತ್ತರ

ಲಕ್ಷ್ಮಿದೇವಮ್ಮ ಸಂಜೆ ದೀಪ ಹಚ್ಚಿ ಕೈ ಮುಗಿಯುವಾಗ ಮೊದಲು ಮನೆದೇವರನ್ನು ನೆನೆಯುತ್ತಾಳೆ, ಆಮೇಲೆ ರೈಲ್ವೆ ಗ್ಯಾಂಗ್‌ಮನ್ ಗಂಗಯ್ಯನನ್ನು, ಅವನ ಬೆನ್ನಿಗೇ ಇಬ್ಬರು ಇಂಜಿನಿಯರುಗಳನ್ನು. ದೇವರ ಸಾಲಿನಲ್ಲಿ ಇಂಜಿನಿಯರುಗಳಿಗೇನು ಕೆಲಸ ಎಂದು ಅವಳ ಗಂಡ ಮೋಹನ್ ಕುಮಾರ್ ನಗುತ್ತಾನೆ. ನಗಲಿ. ಅವನನ್ನು ಹೆತ್ತ ತಾಯಿ ಇವತ್ತು ಜಗಲಿಯ ಮೇಲೆ ಕೂತು ಎಲೆಯಡಿಕೆ ಕುಟ್ಟುತ್ತಾ ಊರವರನ್ನೆಲ್ಲ ಬಯ್ಯುತ್ತಿದ್ದಾಳೆಂದರೆ ಅದರಲ್ಲಿ ಆ ಮೂವರ ಪಾಲಿದೆ.

ಬಿದರೆಪಾಳ್ಯ ತಿಪಟೂರಿನ ಕಡೆಯ ಹಳ್ಳಿ. ಊರು ರೈಲುಹಳಿಯ ಈಚೆ, ತೆಂಗಿನ ತೋಟಗಳು ಮತ್ತು ಹಾಲಿನ ಡೈರಿ ಆಚೆ. ಮೀಟರ್‌ಗೇಜಿನ ಚಿಕ್ಕ ಹಳಿಯ ಕಾಲದಲ್ಲಿ ಇದೊಂದು ತೊಂದರೆಯೆಂದು ಯಾರಿಗೂ ಅನ್ನಿಸಿರಲಿಲ್ಲ. ರೈಲು ದೂರದಲ್ಲೇ ಕೂಗಿಕೊಂಡು, ಏದುಸಿರು ಬಿಡುತ್ತಾ ಬರುತ್ತಿತ್ತು. ಲಕ್ಷ್ಮಿದೇವಮ್ಮನ ಅತ್ತೆ ಹುಚ್ಚಕ್ಕ ತಲೆಯ ಮೇಲೆ ಸಿಂಬೆ, ಸಿಂಬೆಯ ಮೇಲೆ ಹಾಲಿನ ಕ್ಯಾನು ಹೊತ್ತು ಹಳಿ ದಾಟುವಾಗ ಡ್ರೈವರು ತಲೆ ಹೊರಗೆ ಹಾಕಿ ಬಯ್ಯುತ್ತಿದ್ದ, ಹುಚ್ಚಕ್ಕ ತಿರುಗಿ ಬಯ್ಯುತ್ತಿದ್ದಳು. ಇಬ್ಬರಿಗೂ ಅದು ರೂಢಿಯಾಗಿತ್ತು. ಆಮೇಲೆ ದೊಡ್ಡ ಹಳಿ ಬಂತು. ಹಳಿ ಹಾಸಿದ ಮಣ್ಣಿನ ಏರಿ ಎತ್ತರವಾಯಿತು, ಗಾಡಿ ದಾಟುತ್ತಿದ್ದ ಜಾಗ ಮುಚ್ಚಿತು, ರೈಲಿಗೆ ವೇಗ ಬಂತು. ಅದೇ ಹೊತ್ತಿಗೆ ಹುಚ್ಚಕ್ಕನ ಕಿವಿ ಮಂದವಾಗುತ್ತಾ ಬಂತು.

ಕಿವಿ ಕೇಳಿಸುವುದಿಲ್ಲ ಎಂದು ಅವಳ ಎದುರಿಗೆ ಹೇಳುವ ಗಂಡೆದೆ ಆ ಮನೆಯಲ್ಲಿ ಯಾರಿಗೂ ಇರಲಿಲ್ಲ. "ನೀವು ಒಳಗೊಳಗೇ ಗೊಣಗಿದ್ರೆ ಯಾರಿಗ್ ಕೇಳ್ಸುತ್ತೆ? ಬಾಯ್ ಬುಟ್ಟು ಮಾತಾಡಿ" ಎನ್ನುತ್ತಿದ್ದಳು. ತಪ್ಪೆಲ್ಲ ಮಾತಾಡುವವರದು.

ಆ ಮನೆಯಲ್ಲಿ ಅಧಿಕಾರ ಯಾವತ್ತೋ ಹಂಚಿಕೆಯಾಗಿತ್ತು. ಒಲೆ, ಪಾತ್ರೆ, ದಿನಸಿ ಸೊಸೆಯದು. ಅಟ್ಟ ಅತ್ತೆಯದು. ತೆಂಗಿನ ಸೀಮೆಯಲ್ಲಿ ಅಟ್ಟವೆಂದರೆ ಮನೆಯ ಜೀವ. ತೋಟದಿಂದ ಬಂದ ಕಾಯಿ ಅಲ್ಲಿ ತಿಂಗಳುಗಟ್ಟಲೆ ಒಣಗಿ, ಕರಟದೊಳಗೆ ಕೊಬ್ಬರಿ ಉಂಡೆಯಾಗಿ ಬಿಟ್ಟುಕೊಳ್ಳಬೇಕು. ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದರೆ ಒಳಗೆ ಲೊಟಕ್ ಎನ್ನಬೇಕು. ಹಾಗೆ ಸದ್ದು ಮಾಡಿದ ಕಾಯಿ ಸುಲಿಯುವುದಕ್ಕೆ, ಮಾಡದ ಕಾಯಿ ಮತ್ತೆ ಅಟ್ಟಕ್ಕೆ. ಆ ತೀರ್ಪು ಹುಚ್ಚಕ್ಕನದು, ಬೀಗದ ಕೈ ಅವಳ ಸೊಂಟದಲ್ಲಿ. ಈಗೀಗ ಅವಳು ಅಲ್ಲಾಡಿಸುವಾಗ ಪಕ್ಕದಲ್ಲಿ ಕೂತ ಲಕ್ಷ್ಮಿದೇವಮ್ಮ ಶಬ್ದ ಕೇಳಿಸಿದರೆ ಮೆಲ್ಲಗೆ ರೆಪ್ಪೆ ಬಡಿಯುತ್ತಿದ್ದಳು. ಹುಚ್ಚಕ್ಕ ಅತ್ತ ನೋಡಿಯೂ ನೋಡದವಳಂತೆ "ಇದಾಗೈತೆ" ಎಂದು ಗತ್ತಿನಿಂದ ಕೆಳಕ್ಕೆ ಹಾಕುತ್ತಿದ್ದಳು. ಈ ವಿಷಯ ಇಬ್ಬರೂ ಒಂದು ದಿನವೂ ಬಾಯಿಬಿಟ್ಟು ಆಡಿರಲಿಲ್ಲ.

ಲಕ್ಷ್ಮಿದೇವಮ್ಮನ ಭಯವೆಲ್ಲ ಹಳಿಯದು. ಕಾಯಿಯ ಸದ್ದಿಗೆ ಸೊಸೆ ಇದ್ದಳು, ರೈಲಿನ ಸದ್ದಿಗೆ ಯಾರಿದ್ದರು? ಒಂದು ಬೆಳಿಗ್ಗೆ ಎಕ್ಸ್‌ಪ್ರೆಸ್ ರೈಲು ಹುಚ್ಚಕ್ಕನ ಸೆರಗು ಸವರಿಕೊಂಡೇ ಹೋಯಿತು. ನೋಡಿದ ಗಂಗಯ್ಯ ಮನೆಯವರೆಗೆ ಬಂದು, "ಅಮ್ಮ, ಇನ್ನೊಂದ್ ಸಲ ಇಂಗಾದ್ರೆ ನನ್ ಕೈಲಿ ನೋಡಕ್ಕಾಗಲ್ಲ" ಎಂದು ನೀರು ಕುಡಿದು ಹೋದ. ಹಾಲು ಬೇರೆಯವರು ಕೊಟ್ಟುಬರಲಿ ಎಂದರೆ ಹುಚ್ಚಕ್ಕ ಕೇಳುವವಳಲ್ಲ. ಡೈರಿಯ ಕಟ್ಟೆಯ ಮೇಲೆ ಗೆಳತಿ ತಿಮ್ಮಕ್ಕನ ಜೊತೆ ಕೂತು ಆಡುವ ಮಾತೇ ಅವಳ ದಿನದ ಸೊಗಸು.

ದಾರಿ ಇರಲಿಲ್ಲವೆಂದಲ್ಲ. ಹಳ್ಳದ ನೀರು ಕೆರೆಗೆ ಹೋಗಲೆಂದು ಹಳಿಯ ಕೆಳಗೆ ಒಂದು ಮೋರಿ ಇತ್ತು. ಕಟ್ಟಿದಾಗ ಎತ್ತರವಾಗಿಯೇ ಕಟ್ಟಿದ್ದರಂತೆ, ಆದರೆ ಹೂಳು ತುಂಬಿ ಈಗ ಬಗ್ಗಿಕೊಂಡು ಹೋಗಬೇಕಾಗಿತ್ತು. "ತಲೆ ಮ್ಯಾಲೆ ಕ್ಯಾನ್ ಇಟ್ಕಂಡು ಬಗ್ಗಕ್ಕಾಯ್ತದೇನೇ? ಅತ್ತೆ ಮುಂದೇನೇ ನಾನು ಬಗ್ಗಿದವಳಲ್ಲ" ಎಂದು ಹುಚ್ಚಕ್ಕ ಏರಿ ಹತ್ತುತ್ತಿದ್ದಳು.

ಮಹಿಳಾ ಮೀಸಲಾತಿಯಲ್ಲಿ ಲಕ್ಷ್ಮಿದೇವಮ್ಮ ಆಗ ಗ್ರಾಮ ಪಂಚಾಯಿತಿಯ ಅಧ್ಯಕ್ಷೆ. ಆಗಲ್ಲ ಎಂದು ಅವಳು ಹಿಂಜರಿದಾಗ, "ಹೋಗೇ, ಒಲೆ ನಾನ್ ನೋಡ್ಕೋತೀನಿ" ಎಂದು ದಬ್ಬಿದವಳು ಇದೇ ಹುಚ್ಚಕ್ಕ. ಆ ಮಾತಿನ ಋಣ ಸೊಸೆಯ ಎದೆಯಲ್ಲಿ ಕೂತಿತ್ತು. ಅಧ್ಯಕ್ಷೆಯಾಗಿ ಬೇರೇನೂ ಮಾಡದಿದ್ದರೂ ಸರಿ, ಅತ್ತೆ ನೆಟ್ಟಗೆ ನಡೆದು ಹೋಗುವಷ್ಟು ಎತ್ತರದ ದಾರಿ ಮಾಡಿಸಬೇಕು ಎಂದು ಅವಳು ಹಟ ಹಿಡಿದಳು.

ಮೊದಲು ರೈಲ್ವೆ ಇಂಜಿನಿಯರರ ಹತ್ತಿರ ಹೋದಳು. ಅವರು ಕಡಪದ ಕಡೆಯವರು, ತೆಲುಗಿನ ಧಾಟಿಯಲ್ಲಿ ಪುಸ್ತಕದ ಕನ್ನಡ ಮಾತಾಡುತ್ತಿದ್ದರು. ಕುರ್ಚಿ ಕೊಟ್ಟು, ಟೀ ತರಿಸಿ, "ಮೋರಿ ನಮ್ಮದೇ ಅಮ್ಮಾ. ಆದರೆ ಹೂಳು ಬಂದಿದ್ದು ನಿಮ್ಮ ಹಳ್ಳದಿಂದ. ರಾಜ್ಯದವರು ಹಳ್ಳ ತೋಡಲಿ" ಎಂದರು. ಹಳ್ಳ ನೋಡಿಕೊಳ್ಳುವ ತಾಲ್ಲೂಕಿನ ಇಂಜಿನಿಯರು ಬೆಟ್ಟಸ್ವಾಮಿ. ಅವರೂ ಕುರ್ಚಿ ಕೊಟ್ಟು, ಟೀ ತರಿಸಿ, "ಹಳ್ಳ ನಮ್ದೇ ಕಣಮ್ಮ. ಆದ್ರೆ ಹೂಳು ಕೂತಿರೋದು ರೈಲ್ವೆ ಜಾಗದಲ್ಲಿ. ಅಲ್ಲಿ ಗುದ್ದಲಿ ಹಾಕಿದ್ರೆ ನನ್ ಕೆಲಸ ಹೋಗುತ್ತೆ. ನಾನು ಬರೀ ಹಳ್ಳ ತೋಡಿದ್ರೆ ಮೋರಿ ಬಾಯಲ್ಲೇ ನೀರ್ ನಿಂತ್ಕೊಳ್ಳುತ್ತೆ. ಮೊದ್ಲು ಅವ್ರು ತೆಗೀಲಿ" ಎಂದರು. ಎರಡೂ ಕಡೆ ಟೀ ಚೆನ್ನಾಗಿತ್ತು.

ಮೋಹನ್ ಕುಮಾರ್ ಹಾಲ್ಕುರಿಕೆಯ ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನದ ಮೇಷ್ಟ್ರು. ಊಟಕ್ಕೆ ಕೂತಾಗ ಹೆಂಡತಿಯ ಸಿಟ್ಟು ನೋಡಿ ಪಾಠಕ್ಕೆ ಶುರುಮಾಡಿದ. "ನೋಡೇ, ಸಂವಿಧಾನದಲ್ಲಿ ಪಟ್ಟಿ ಮಾಡಿ ಹಂಚಿಬಿಟ್ಟವ್ರೆ. ರೈಲು ಕೇಂದ್ರದ ಪಟ್ಟೀಲೈತೆ. ಹಳ್ಳ, ಕೆರೆ, ನೀರು ರಾಜ್ಯದ ಪಟ್ಟೀಲೈತೆ. ಇಬ್ರಿಗೂ ಸೇರಿದ್ದು ಇನ್ನೊಂದು ಪಟ್ಟಿ."

"ಹೂಳು ಯಾವ ಪಟ್ಟೀಲೈತೆ?"

ಮೇಷ್ಟ್ರು ಮುದ್ದೆ ಮುರಿಯುತ್ತಾ ಬಹಳ ಹೊತ್ತು ಯೋಚಿಸಿದ. "ಹೂಳು ಯಾವುದ್ರಲ್ಲೂ ಇಲ್ಲ ಕಣೇ" ಎಂದ.

ಹುಚ್ಚಕ್ಕನಿಗೆ ಎಷ್ಟು ಕೇಳಿಸಿತೋ, ಎಷ್ಟು ಮುಖ ನೋಡಿ ಊಹಿಸಿದಳೋ. "ಅಟ್ಟ ನಂದು, ಒಲೆ ಇವಳ್ದು. ಆದ್ರೆ ಅಟ್ಟಕ್ಕೆ ಹೊಗೆ ಹೋಗೋದು ಇವಳ ಒಲೆಯಿಂದ್ಲೇ ಅಲ್ವೇನ್ಲಾ? ಹೊಗೆ ಯಾರ್ದು ಅಂತ ಜಗಳಕ್ಕೆ ಕೂತಿದ್ರೆ ಕೊಬ್ಬರಿ ಒಣಗ್ತಿತ್ತಾ?" ಎಂದು ಮಜ್ಜಿಗೆ ಸುರಿದುಕೊಂಡಳು.

ಲಕ್ಷ್ಮಿದೇವಮ್ಮನಿಗೆ ತಡೆಯಲಿಲ್ಲ. ಇಬ್ಬರೂ ಮಾಡದಿದ್ದರೆ ಪಂಚಾಯಿತಿಯಿಂದ ತಾನೇ ಮಾಡಿಸುತ್ತೇನೆಂದು ಹೊರಟಳು. ಮಾಡಿದ್ದು ಮಾತ್ರ ತೆಂಗಿನ ಸೀಮೆಯವರಷ್ಟೇ ಮಾಡಬಹುದಾದ ಎಡವಟ್ಟು. ನಮ್ಮ ಕಡೆ ಎಲ್ಲಿ ಕೆಸರು ಕಂಡರೂ ಕಾಯಿ ಸುಲಿದ ಮಟ್ಟೆ ತಂದು ಹಾಸುತ್ತೇವೆ. ದನದ ಕೊಟ್ಟಿಗೆಯ ಬಾಗಿಲಿಗೆ ಮಟ್ಟೆ, ಬಚ್ಚಲ ಹಿಂದೆ ಮಟ್ಟೆ, ಮರದ ಬುಡದ ಗುಂಡಿಗೂ ಮಟ್ಟೆ. ಮೋರಿಯ ಕೆಸರಿಗೆ ಹೆದರಿ ಜನ ಒಳಗೆ ಹೋಗುತ್ತಿಲ್ಲ, ಒಣಗಿದ್ದರೆ ಅತ್ತೆಯೂ ಮನಸ್ಸು ಮಾಡಬಹುದು ಎಂದುಕೊಂಡು ಅವಳು ಗಾಡಿಗಟ್ಟಲೆ ಮಟ್ಟೆ ತರಿಸಿ ಮೋರಿಯೊಳಗೆ ಹಾಸಿಸಿದಳು. ನೆಲ ಮೆತ್ತಗೆ, ಒಣಗಿ, ನೋಡಲು ಚೆಂದವಾಯಿತು. ಆದರೆ ಅಷ್ಟೇ ಮೇಲಕ್ಕೂ ಬಂತು. ಎತ್ತರ ಬೇಕಿದ್ದ ಕಡೆ ಇದ್ದ ಎತ್ತರವೂ ಹೋಯಿತು. ಹುಚ್ಚಕ್ಕ ಬಂದು ಇಣುಕಿ, "ಕೋಳಿಗಾದ್ರೆ ಸರಿ ಬುಡು" ಎಂದು ಏರಿ ಹತ್ತಿದಳು.

ಅಷ್ಟಕ್ಕೇ ಮುಗಿದಿದ್ದರೆ ನಕ್ಕು ಸುಮ್ಮನಾಗಬಹುದಿತ್ತು. ಒಂದು ರಾತ್ರಿ ಜೋರು ಮಳೆ ಹುಯ್ಯಿತು. ಬೆಳಿಗ್ಗೆ ನೋಡಿದರೆ ಮಟ್ಟೆಯೆಲ್ಲ ತೇಲಿ ಹೋಗಿ ಮೋರಿಯ ಬಾಯಿಗೆ ಬಿರಡೆಯಂತೆ ಕೂತಿತ್ತು. ಹಳ್ಳದ ನೀರು ಹೋಗಲು ದಾರಿಯಿಲ್ಲದೆ ಏರಿಗೆ ಆತು ನಿಂತು ಮಣ್ಣು ಕೊರೆಯುತ್ತಿತ್ತು. ಗಸ್ತು ಬಂದ ಗಂಗಯ್ಯ ಅದನ್ನು ನೋಡಿದವನೇ ಕೆಂಪು ಬಾವುಟ ಹಿಡಿದು ಓಡಿ, ಬರುತ್ತಿದ್ದ ರೈಲನ್ನು ನಿಲ್ಲಿಸಿಬಿಟ್ಟ.

ಸುದ್ದಿ ಕೇಳಿದ ಲಕ್ಷ್ಮಿದೇವಮ್ಮ ಕೈಲಿದ್ದ ಕೆಲಸ ಅಲ್ಲೇ ಬಿಟ್ಟು ಎದ್ದಳು. ರೈಲಿನ ತುಂಬ ಜನ ಇದ್ದರು. ಏನಾದರೂ ಆಗಿದ್ದರೆ? ಗಂಗಯ್ಯನ ಕಾಲು ಹಿಡಿಯುವುದೊಂದು ಬಾಕಿ. ಅವಳು ಉಟ್ಟ ಸೀರೆಯಲ್ಲೇ ಏರಿಗೆ ಓಡಿದಳು. ಹೊತ್ತು ಏರುವ ಮೊದಲೇ ಎರಡು ಜೀಪು ಬಂದವು. ನೀರು ಏರಿಗೆ ತಗುಲಿದ್ದರಿಂದ ರೈಲ್ವೆಯವರು ಬಂದರು, ಹಳ್ಳ ಉಕ್ಕಿದ್ದರಿಂದ ಬೆಟ್ಟಸ್ವಾಮಿ ಬಂದರು. ಇಬ್ಬರೂ ಒಂದೇ ಜಾಗದಲ್ಲಿ ನಿಂತದ್ದು ಅದೇ ಮೊದಲು.

"ಯಾರಮ್ಮ ಇದು ಹಾಕಿದ್ದು?" ಎಂದು ರೈಲ್ವೆ ಇಂಜಿನಿಯರು ಗುಡುಗಿದರು.

"ನಾನೇ ಸ್ವಾಮಿ. ಬೇರೆ ಯಾರ್ನೂ ಕೇಳ್ಬೇಡಿ. ದಾರಿ ಮಾಡೋಣ ಅಂತ ಹಾಕ್ಸಿದೆ. ತಪ್ಪಾಯ್ತು. ಗಂಗಯ್ಯನವರು ಇರ್ಲಿಲ್ಲ ಅಂದಿದ್ರೆ ನಾನು ಯಾರಿಗೆ ಮುಖ ತೋರ್ಸಬೇಕಿತ್ತು?" ಎಂದು ಲಕ್ಷ್ಮಿದೇವಮ್ಮ ಅಳತೊಡಗಿದಳು.

ಅಷ್ಟರಲ್ಲಿ ಏರಿಯ ಮೇಲೆ ಹಾಲಿನ ಕ್ಯಾನು ಕಾಣಿಸಿತು, ಅದರ ಕೆಳಗೆ ಹುಚ್ಚಕ್ಕ. ದೂರದಲ್ಲಿ ನಿಂತಿದ್ದ ರೈಲು ಕೂಗಿತು. ಎಲ್ಲರೂ ಬೆಚ್ಚಿ ತಿರುಗಿದರು, ಹುಚ್ಚಕ್ಕ ಮಾತ್ರ ತಿರುಗಲಿಲ್ಲ. ರೈಲು ಮತ್ತೊಮ್ಮೆ ಉದ್ದಕ್ಕೆ ಕೂಗಿತು. ಅವಳು ಹಳಿಯ ನಡುವೆಯೇ ನಿಂತು ಸೆರಗು ಸರಿಮಾಡಿಕೊಂಡು, ಕೆಳಗಿದ್ದವರನ್ನು ನೋಡಿ, "ಏನ್ರಪ್ಪ, ಎಲ್ರೂ ಯಾಕಿಂಗ್ ನಿಂತಿದ್ದೀರಾ? ಯಾರಿಗೇನಾಯ್ತು?" ಎಂದಳು.

ರೈಲ್ವೆ ಇಂಜಿನಿಯರರ ಮುಖ ಬಿಳಿಚಿಕೊಂಡಿತು. ಆಮೇಲೆ ಮೆಲ್ಲಗೆ, "ಇವರಿಗೋಸ್ಕರವಾ ನೀವು ಬಂದು ಕೇಳಿದ್ದು?" ಎಂದರು. ಲಕ್ಷ್ಮಿದೇವಮ್ಮ ತಲೆಯಾಡಿಸಿದಳು.

ಅವರು ಬೆಟ್ಟಸ್ವಾಮಿಯ ಕಡೆ ತಿರುಗಿದರು. "ನಾನು ಮೋರಿಯೊಳಗೆ ತೋಡಿಸಿ ಸಿಮೆಂಟ್ ನೆಲ ಹಾಕಿಸುತ್ತೇನೆ. ಮೇಲಿನವರನ್ನು ಒಪ್ಪಿಸುವುದು ನನಗಿರಲಿ. ಅದೇ ವಾರ ನೀವು ಹಳ್ಳ ಇಳಿಸಬೇಕು. ಒಂದು ದಿನ ಹಿಂದೆಮುಂದೆ ಆದರೂ ಮತ್ತೆ ಇದೇ ಗತಿ."

"ನೀವ್ ಒಳಗೆ ಗುದ್ದಲಿ ಇಟ್ಟ ದಿನಾನೇ ನಾನ್ ಹೊರಗೆ ಇಡ್ತೀನಿ ಸಾರ್. ನಡಿಯೋರಿಗೊಂದು ಕಟ್ಟೆ, ನೀರಿಗೆ ಪಕ್ಕದಲ್ಲಿ ಚರಂಡಿ. ಅದು ಕೆರೇವರೆಗೂ ನಮ್ದು" ಎಂದರು ಬೆಟ್ಟಸ್ವಾಮಿ. ಪಂಚಾಯಿತಿಯವರು ಮಟ್ಟೆ ತೆಗೆಯಬೇಕು, ಇನ್ನೆಂದೂ ಹಾಕಬಾರದು ಎಂದು ಇಬ್ಬರೂ ಒಟ್ಟಿಗೇ ಹೇಳಿದರು. ಅದರಲ್ಲಿ ಅವರಿಗೆ ಭಿನ್ನಾಭಿಪ್ರಾಯ ಇರಲಿಲ್ಲ.

"ಎಷ್ಟು ಎತ್ತರ ಬೇಕಮ್ಮಾ?" ಎಂದು ರೈಲ್ವೆ ಇಂಜಿನಿಯರು ಕೇಳಿದರು.

"ನಮ್ಮತ್ತೆ ಎತ್ತರ, ಅದರ ಮೇಲೊಂದು ಹಾಲಿನ ಕ್ಯಾನು" ಎಂದಳು ಲಕ್ಷ್ಮಿದೇವಮ್ಮ.

ಹುಚ್ಚಕ್ಕನನ್ನು ಕೆಳಗಿಳಿಸಿ ಮೋರಿಯ ಗೋಡೆಯ ಪಕ್ಕ ನಿಲ್ಲಿಸಿದರು. ಬೆಟ್ಟಸ್ವಾಮಿ ಟೇಪಿನ ಒಂದು ತುದಿ ಅವಳ ಪಾದದ ಹತ್ತಿರ ಹಿಡಿದರು, ರೈಲ್ವೆಯವರು ಇನ್ನೊಂದು ತುದಿ ಕ್ಯಾನಿನ ಮುಚ್ಚಳದ ಮೇಲೆ ಹಿಡಿದರು. ಹುಚ್ಚಕ್ಕ ಮದುವೆಯ ಫೋಟೋಕ್ಕೆ ನಿಂತವಳಂತೆ ಬಿಗಿಯಾಗಿ ನಿಂತಿದ್ದಳು. ಹಾಲು ತಡವಾಯಿತೆಂದು ಬಯ್ಯಲೂ ಮರೆತಿದ್ದಳು.

ಹೇಳಿದ ಹಾಗೆಯೇ ಮಾಡಿದರು. ತಿಪಟೂರಿನ ಕಚೇರಿಗಳ ಮೆಟ್ಟಿಲು ಹತ್ತಿ ಇಳಿದವರಿಗೆ ಇದು ನಂಬಲು ಕಷ್ಟ, ಆದರೂ ಮಾಡಿದರು. ಒಳಗೆ ರೈಲ್ವೆಯ ಆಳುಗಳು, ಹೊರಗೆ ಬೆಟ್ಟಸ್ವಾಮಿಯ ಆಳುಗಳು. ಇಬ್ಬರಿಗೂ ಲಕ್ಷ್ಮಿದೇವಮ್ಮನ ಮನೆಯ ಒಲೆಯಿಂದ ಮುದ್ದೆ, ಕಾಳು ಸಾರು. ರೈಲ್ವೆ ನೆಲ ಎಲ್ಲಿ ಮುಗಿಯಿತು, ರಾಜ್ಯದ ಕಲ್ಲು ಎಲ್ಲಿ ಶುರುವಾಯಿತು ಎಂಬುದು ಇವತ್ತಿಗೂ ಒಂದು ಗೆರೆಯಾಗಿ ಕಾಣುತ್ತದೆ. ದಾಟುವವರಿಗೆ ಅದು ಕಾಲಿಗೂ ತಗುಲುವುದಿಲ್ಲ.

ಮೊದಲ ದಿನ ಹುಚ್ಚಕ್ಕ ಕ್ಯಾನು ಹೊತ್ತು ಮುಂದೆ ಹೊರಟಳು. ಲಕ್ಷ್ಮಿದೇವಮ್ಮ ಹಿಂದೆ ಹಿಂದೆ ಹೋದಳು. ಕ್ಯಾನಿಗೂ ಮೇಲಿನ ಕಲ್ಲಿಗೂ ನಡುವೆ ಇನ್ನೊಂದು ಮೊಳ ಜಾಗವಿತ್ತು. ಹುಚ್ಚಕ್ಕ ಬಗ್ಗಲಿಲ್ಲ, ಸೀರೆಯ ನೆರಿಗೆ ಎತ್ತಲಿಲ್ಲ. ಸೊಸೆಗೆ ಗಂಗಯ್ಯ, ಆ ಕಡಪದ ಪುಣ್ಯಾತ್ಮ, ಬೆಟ್ಟಸ್ವಾಮಿ, ಒಬ್ಬೊಬ್ಬರ ಮುಖವೂ ಕಣ್ಣ ಮುಂದೆ ಬಂತು. ಯಾರ ಹೊಟ್ಟೆ ತಣ್ಣಗಿರಲಿ ಎಂದು ಮೊದಲು ಹರಸುವುದು?

ಮೋರಿಯ ನಡುಮಧ್ಯೆ ಹೋದಾಗ ಮೇಲೆ ರೈಲು ಬಂತು. ಗೋಡೆಯೆಲ್ಲ ಅದುರಿತು. ಹುಚ್ಚಕ್ಕ ಗಕ್ಕನೆ ನಿಂತು ಅಂಗೈಯನ್ನು ಗೋಡೆಗೆ ಒತ್ತಿದಳು. ಅವಳ ಮುಖ ಅರಳಿತು.

"ಬಂತು ಕಣೇ ರೈಲು! ಒಣಗಿದ್ ಕಾಯಿ ಕೈಲಿ ಅಲ್ಲಾಡ್ದಂಗೇ ಆಯ್ತದೆ ನೋಡು."

ರೈಲು ದಾಟಿಹೋಯಿತು. ಹುಚ್ಚಕ್ಕ ಕೈ ತೆಗೆಯಲಿಲ್ಲ. ಸೊಸೆಯ ಕಡೆ ತಿರುಗದೆ, ಎಂದೂ ಇಲ್ಲದಷ್ಟು ಮೆತ್ತಗೆ ಹೇಳಿದಳು. "ಅಟ್ಟದಲ್ಲಿ ನೀನು ಕಣ್ಣಲ್ಲೇ ಸನ್ನೆ ಮಾಡ್ತಿದ್ದಿದ್ದು ನಂಗೊತ್ತಿಲ್ಲ ಅನ್ಕಂಡಿದ್ಯಾ? ಕಿವಿ ಹೋದ ದಿನಾನೇ ಬೀಗದ ಕೈ ಕಿತ್ಕೋಬೋದಿತ್ತು ನೀನು. ಕಿತ್ಕೊಳ್ಲಿಲ್ಲ. ನನ್ನ ಯಾರ್ ಮುಂದೇನೂ ಚಿಕ್ಕೋಳ್ ಮಾಡ್ಲಿಲ್ಲ. ನೀನು ಚೆನ್ನಾಗಿರ್ಬೇಕು ಕಣೇ ತಾಯಿ."

ಲಕ್ಷ್ಮಿದೇವಮ್ಮ ಏನು ಹೇಳಿದರೂ ಅತ್ತೆಗೆ ಕೇಳಿಸುತ್ತಿರಲಿಲ್ಲ. ಅವಳು ಹತ್ತಿರ ಹೋಗಿ, ಗೋಡೆಗೆ ಒತ್ತಿದ್ದ ಆ ಮುದಿ ಕೈಯ ಮೇಲೆ ತನ್ನ ಕೈ ಇಟ್ಟಳು.