ಲ್ಯಾಮಿನೇಶನ್ ಮಾಡಿಸಿದ ಗಯಾ

"ಕತ್ರಿ ಕೊಡಲ್ಲ," ಎಂದ ಕಾಳಪ್ಪ. ಅರವತ್ತು ದಾಟಿದ ಮನುಷ್ಯ ಕತ್ತರಿಯನ್ನು ಬೆನ್ನ ಹಿಂದೆ ಬಚ್ಚಿಟ್ಟುಕೊಂಡು, ಹಟಮಾರಿ ಹುಡುಗನ ಹಾಗೆ ಗೋಡೆಗೆ ಒರಗಿ ನಿಂತಿದ್ದ.

"ಕೊಡಪ್ಪ, ಸಾಕು. ಪ್ಲಾಸ್ಟಿಕ್ ಕೀಳ್ದೆ ಒಳಗಿನ ನಂಬರ್ ಕಾಣಲ್ಲ," ಎಂದಳು ಮಗಳು ಯಶೋಧರಾ.

ಅವಳ ಕೈಯಲ್ಲಿದ್ದದ್ದು ಒಂದು ಗಿಫ್ಟ್ ಕಾರ್ಡು. ಕಾಳಪ್ಪ ನಿವೃತ್ತನಾದ ದಿನ ಆಫೀಸಿನವರೆಲ್ಲ ಸೇರಿ ಕೊಟ್ಟದ್ದು. ಅದರಲ್ಲಿ ಮೊದಲೇ ಹಣ ತುಂಬಿರುತ್ತದೆ, ವಿಮಾನದ ಟಿಕೆಟ್ಟು, ಉಳಿಯಲು ಕೋಣೆ ಏನು ಬೇಕಾದರೂ ಅದರಲ್ಲೇ ಬುಕ್ ಮಾಡಬಹುದು ಎಂದು ಸೂಪರಿಂಟೆಂಡೆಂಟ್ ಮಧುಸೂದನ್ ಹಾರ ಹಾಕುವಾಗ ವಿವರಿಸಿದ್ದರು. "ಮನೆಯವ್ರನ್ನ ಕರ್ಕೊಂಡು ಬುದ್ಧಗಯಾ ನೋಡ್ಕೊಂಡು ಬನ್ನಿ ಕಾಳಪ್ಪ, ಮೂವತ್ತು ವರ್ಷದಿಂದ ಹೇಳ್ತಾನೇ ಇದೀರಲ್ಲ," ಎಂದೂ ಅಂದಿದ್ದರು. ಎಲ್ಲರೂ ಚಪ್ಪಾಳೆ ತಟ್ಟಿದ್ದರು. ಕಾಳಪ್ಪನ ಕಣ್ಣು ತುಂಬಿತ್ತು.

ಮರುದಿನವೇ ಅವನು ಅವೆನ್ಯೂ ರಸ್ತೆಗೆ ಹೋಗಿ ಕಾರ್ಡಿಗೆ ಲ್ಯಾಮಿನೇಶನ್ ಮಾಡಿಸಿಕೊಂಡು ಬಂದ. ಅಷ್ಟಕ್ಕೇ ಬಿಟ್ಟಿದ್ದರೆ ಹಿಂಬದಿಯನ್ನಾದರೂ ಓದಬಹುದಿತ್ತು. ಆದರೆ ಅವನು ರೆಕಾರ್ಡ್ ರೂಮಿನ ಅಟೆಂಡರಾಗಿ ಆಯುಸ್ಸು ಸವೆಸಿದವನು. ಯಾವ ಕಾಗದವೇ ಆಗಲಿ, ಅದರ ಬೆನ್ನಿಗೆ ಬಿಳಿ ಚೀಟಿ ಅಂಟಿಸಿ ಯಾರದು, ಯಾವ ವಿಷಯ, ಯಾವ ಊರು ಎಂದು ಬರೆಯದೆ ಕಪಾಟಿಗೆ ಸೇರಿಸಿದವನಲ್ಲ. ಕಾರ್ಡಿನ ಬೆನ್ನಿಗೂ ಗಟ್ಟಿಯಾಗಿ ಗೋಂದು ಬಳಿದು ಚೀಟಿ ಅಂಟಿಸಿದ. 'ಕಾಳಪ್ಪ, ಚಾಮರಾಜಪೇಟೆ, ವಿಷಯ: ಗಯಾ ಪ್ರಯಾಣ' ಎಂದು ಮುದ್ದಾದ ಅಕ್ಷರದಲ್ಲಿ ಬರೆದ. ಆಮೇಲೇ ಪ್ಲಾಸ್ಟಿಕ್ಕಿನೊಳಗೆ ಹಾಕಿಸಿದ್ದು. ಕಾರ್ಡಿನ ಆ ಬೆನ್ನಲ್ಲೇ, ಕೆರೆದು ನೋಡಬೇಕಾದ ಪಿನ್ ನಂಬರಿನ ಬೂದು ಪಟ್ಟಿಯಿತ್ತು. ಅದರ ಕೆಳಗೆ, ಕಾರ್ಡು ಯಾವತ್ತಿನವರೆಗೆ ನಡೆಯುತ್ತದೆ ಎನ್ನುವ ತಾರೀಖೂ ಇತ್ತು. ಎರಡೂ ಚೀಟಿಯ ಅಡಿಗೆ ಹೋದವು.

ಹೀಗೆ ಮಾಡುವುದಕ್ಕೆ ಅವನಿಗೊಂದು ಕಾರಣವಿತ್ತು, ಅದನ್ನು ಹೇಳದಿದ್ದರೆ ಅವನಿಗೆ ಅನ್ಯಾಯವಾಗುತ್ತದೆ. ಹುಡುಗನಾಗಿದ್ದಾಗ ಗುಡಿಸಲಿನ ಸೂರು ಸೋರಿ ಅವನ ಜಾತಿ ಸರ್ಟಿಫಿಕೇಟು, ಮಾರ್ಕ್ಸ್ ಕಾರ್ಡು ಎರಡೂ ಮುದ್ದೆಯಾಗಿದ್ದವು. ಅವುಗಳ ನಕಲಿಗಾಗಿ ಅವನಪ್ಪ ಎಷ್ಟು ಬಾಗಿಲು ಕಾದರೂ ಆ ವರ್ಷ ಕಾಲೇಜು ಸೇರಲಾಗಲಿಲ್ಲ, ಮುಂದೆಯೂ ಸೇರಲಿಲ್ಲ. "ಕಾಗ್ದ ಇಲ್ದೋರ ಮಾತು ಯಾರೂ ನಂಬಲ್ಲ," ಎಂದು ಅವನು ಮಗಳಿಗೆ ಅನ್ನದ ಜೊತೆ ಉಣಿಸಿದ್ದ. ಅವಳು ಓದಿ ಹೈಸ್ಕೂಲು ಟೀಚರ್ ಆಗಿದ್ದಾಳೆಂದರೆ ಅದರಲ್ಲಿ ಈ ಪ್ಲಾಸ್ಟಿಕ್ಕಿನ ಪಾಲೂ ಇದೆ.

ಕಾರ್ಡು ಬುದ್ಧನ ಫೋಟೋದ ಪಕ್ಕ ನಿಂತೇ ಇತ್ತು. ಮೊದಲು ಚಳಿ ಕಳೆಯಲಿ ಎಂದ. ಆಮೇಲೆ ಬಿಸಿಲು ಕಳೆಯಲಿ, ಪಿಂಚಣಿ ಸರಿಹೋಗಲಿ ಎಂದ. ಒಳ್ಳೆಯದನ್ನು ಕೊನೆಗೆ ಉಳಿಸಿಕೊಂಡು ತಿನ್ನುವ ಜಾತಿ ಅವನದು. ಅಷ್ಟರಲ್ಲಿ ಹೆಂಡತಿ ಪಾರ್ವತಮ್ಮ ಬಾಗಿಲ ಚೌಕಟ್ಟಿಗೆ ಭುಜ ತಾಗಿಸಿಕೊಳ್ಳುವುದು ಶುರುವಾಯಿತು. ಕಳೆದ ವಾರ ಕಣ್ಣಿನ ಡಾಕ್ಟರು ಸುತ್ತಿ ಬಳಸಿ ಮಾತಾಡಲಿಲ್ಲ. "ನರ ಒಣಗ್ತಾ ಇದೆ ಅಮ್ಮ. ಹೋದ ದೃಷ್ಟಿ ವಾಪಸ್ ಬರಲ್ಲ. ಉಳಿದಿರೋದು ಎಷ್ಟು ದಿನ ಅಂತ ನಾನು ಹೇಳಕ್ಕಾಗಲ್ಲ. ನೋಡ್ಬೇಕು ಅನ್ಸಿದ್ದನ್ನ ಈಗ್ಲೇ ನೋಡ್ಬಿಡಿ," ಎಂದರು. ಆಟೋದಲ್ಲಿ ಬರುವಾಗ ಪಾರ್ವತಮ್ಮ ಹೇಳಿದ್ದು ಒಂದೇ ಮಾತು: "ಆ ಅರಳೀಮರ ಒಂದ್ ನೋಡ್ಬಿಡ್ತೀನಿ ಕಣ್ರೀ."

ಕಾಳಪ್ಪ ಸುಮ್ಮನೆ ಕೂತವನಲ್ಲ. ಮಗಳು ಶಾಲೆಗೆ ಹೋಗಿದ್ದಾಗ ಮೊಬೈಲಿನಲ್ಲಿ ಹುಡುಕಿ, ಸಿಕ್ಕಿದ ಕಸ್ಟಮರ್ ಕೇರ್ ನಂಬರಿಗೆ ಫೋನ್ ಮಾಡಿದ್ದ. ಆ ಕಡೆಯವನು ಬಲು ವಿನಯದಿಂದ, "ಕಾರ್ಡ್ ಎರಡೂ ಕಡೆ ಫೋಟೋ ಕಳ್ಸಿ ಸರ್, ಹಿಂದುಗಡೆ ಕೆರೆದು ಪಿನ್ ಹೇಳ್ಬಿಡಿ, ಆಕ್ಟಿವೇಟ್ ಮಾಡ್ಕೊಡ್ತೀವಿ," ಎಂದ. "ಅಸಲು ಹಂಗೆಲ್ಲ ತೋರ್ಸಕ್ಕಾಗಲ್ಲ ಸ್ವಾಮಿ. ನಕಲು ಬೇಕಂದ್ರೆ ಬರವಣಿಗೇಲಿ ಅರ್ಜಿ ಕೊಡಿ," ಎಂದ ಕಾಳಪ್ಪ. ಆ ಕಡೆಯವನು ಹಿಂದಿಯಲ್ಲೇನೋ ಬೈದು ಫೋನಿಟ್ಟ.

ಸಂಜೆ, ಕತ್ತರಿ ಬಚ್ಚಿಟ್ಟುಕೊಂಡು ನಿಂತ ಅವನ ಬಾಯಿಂದ ಇದನ್ನು ಕೇಳಿ ಯಶೋಧರಾ ಹಣೆ ಚಚ್ಚಿಕೊಂಡಳು. "ಅವ್ನು ಕಳ್ಳ ಕಣಪ್ಪ. ಕಂಪನಿಯೋರು ಯಾವತ್ತೂ ಪಿನ್ ಕೇಳಲ್ಲ. ಹೇಳಿದ್ರೆ ಮುಗೀತು, ಕಾರ್ಡು ಇಲ್ಲೇ ಬುದ್ಧನ ಪಕ್ಕ ಇರ್ತಿತ್ತು, ಒಳಗಿರೋ ದುಡ್ಡನ್ನ ಅವ್ನು ಅಲ್ಲೇ ಕೂತು ಖಾಲಿ ಮಾಡಿರ್ತಿದ್ದ."

ಕೈಯಲ್ಲಿದ್ದದ್ದು ಕೈಯಲ್ಲಿದ್ದ ಹಾಗೇ ಹೋಗಿಬಿಡುವುದು ಎಂದರೇನು? ಕಾಳಪ್ಪನ ತಲೆಗೆ ಅದು ಹೊಳೆಯಲೇ ಇಲ್ಲ. ಅವನು ಕತ್ತರಿಯನ್ನು ಇನ್ನಷ್ಟು ಬಿಗಿಯಾಗಿ ಹಿಡಿದ. ಪಾರ್ವತಮ್ಮ ಗೋಡೆ ತಡವಿಕೊಂಡು ಬಂದು ಅವನ ಬೆನ್ನ ಹಿಂದೆ ಕೈ ಚಾಚಿದಳು. "ಕೊಡ್ರೀ ಇತ್ಲಾಗೆ. ಹಾಳಾದ್ರೆ ಆಗ್ಲಿ. ಜೋಪಾನ ಮಾಡಿದ್ದು ಸಾಕು," ಎಂದಳು.

ಅವನು ಕೊಟ್ಟ. ಯಶೋಧರಾ ಅಂಚು ಕತ್ತರಿಸಿ, ಪ್ಲಾಸ್ಟಿಕ್ಕನ್ನು ನಿಧಾನವಾಗಿ ಸುಲಿದು, ಒದ್ದೆ ಬಟ್ಟೆಯಿಂದ ಚೀಟಿಯನ್ನು ನೆನೆಸಿ ಎಬ್ಬಿಸಿದಳು. ಚೀಟಿಯ ಜೊತೆಗೆ ಬೂದು ಪಟ್ಟಿ ಬಂತು, ಪಟ್ಟಿಯ ಜೊತೆಗೆ ಅಂಕಿಗಳೂ ಕಿತ್ತು ಬಂದವು. ಉಳಿದದ್ದು ತಾರೀಖು ಮಾತ್ರ. ಅದು ಮುಗಿದು ಮೂರು ವಾರವಾಗಿತ್ತು.

ಸರ್ಕಾರದ ಒಂದು ಹಾಳೆಯನ್ನೂ ಕಳೆಯದ ತಾನು ಹೆಂಡತಿಯ ಒಂದೇ ಒಂದು ಆಸೆಯನ್ನು ಗೋಂದು ಹಾಕಿ ಕೊಂದೆ ಎಂದು ಕಾಳಪ್ಪನಿಗೆ ಅನಿಸಿತು. ಬೈದಿದ್ದರೂ ತಡೆದುಕೊಳ್ಳುತ್ತಿದ್ದ. ಅವಳು ಬೈಯಲಿಲ್ಲ, ಒಳಗೆ ಹೋಗಿ ಸಾರಿಗೆ ಒಗ್ಗರಣೆ ಹಾಕಿದಳು.

ಯಶೋಧರಾ ಕಂಪನಿಯ ಆ್ಯಪಿನೊಳಗೇ ಅಸಲಿ ನಂಬರು ಹುಡುಕಿ ವಿಚಾರಿಸಿದಳು. ಅವಧಿ ಮುಗಿದು ಒಂದು ತಿಂಗಳೊಳಗಿದ್ದರೆ ಒಂದು ಸಲ ಮುಂದುವರಿಸಬಹುದಂತೆ, ಹೊಸ ಪಿನ್ನೂ ಕೊಡುತ್ತಾರಂತೆ. ಆದರೆ ಕೊಂಡವರೇ, ಕೊಂಡ ಫೋನಿನಿಂದಲೇ ಕೇಳಬೇಕು. ಕೊಂಡವರು ಮಧುಸೂದನ್. "ನಾನೇ ಫೋನ್ ಮಾಡ್ಲಾ?" ಎಂದಳು ಮಗಳು. "ಬೇಡ. ಕೆಡಿಸ್ದೋನು ನಾನು, ನಾನೇ ಹೋಗ್ತೀನಿ," ಎಂದ ಕಾಳಪ್ಪ.

ಮಧುಸೂದನ್ ಮನೆಗೆಂದು ಮಲ್ಲೇಶ್ವರಂನಲ್ಲಿ ಮೆಟ್ರೋ ಇಳಿದವನಿಗೆ ಕಾಲು ಮುಂದಕ್ಕೆ ಬರಲಿಲ್ಲ. ಸರ್ವಿಸ್ಸಿನಲ್ಲಿ ಅವನು ಯಾರ ಹತ್ತಿರವೂ ಏನನ್ನೂ ಕೇಳಿದವನಲ್ಲ, ಅದೊಂದೇ ಅವನ ಜಂಬ. ಆ ಮನೆಗೆ ಹಿಂದೆ ಎಷ್ಟೋ ಸಲ ಫೈಲು ತಂದಿದ್ದ. ಆಗೆಲ್ಲ ಗೇಟಿನ ಆಚೆ ನಿಂತೇ ಕೊಟ್ಟು ಹೋಗುತ್ತಿದ್ದ. ಒಳಗೆ ಬಾ ಎಂದು ಯಾರೂ ಅಂದಿರಲಿಲ್ಲ, ಬೇಡ ಎಂದೂ ಅಂದಿರಲಿಲ್ಲ. ಈಗಲೂ ಗೇಟಿನಲ್ಲೇ ನಿಂತು, "ಸಾರ್," ಎಂದು ಕೂಗಿದ.

ಮಧುಸೂದನ್ ಹೊರಗೆ ಬಂದರು. ಗೇಟಿನಲ್ಲೇ ವಿಷಯವನ್ನೆಲ್ಲ ಒಂದೇ ಉಸಿರಿಗೆ ಹೇಳಿ ಮುಗಿಸಿದ ಕಾಳಪ್ಪ, "ತಪ್ಪಾಗೋಯ್ತು ಸಾರ್. ನನಗಲ್ಲ, ಅವಳ ಕಣ್ಣಿಗೋಸ್ಕರ ಕೇಳ್ತಿದೀನಿ," ಎಂದ.

"ಅವಧಿ ಮುಗೀತಿದೆ ಅಂತ ನನಗೆ ಎರಡು ಸಲ ಮೆಸೇಜ್ ಬಂತು ಕಾಳಪ್ಪ. ನೀವು ಹೋಗ್ಬಂದಿರ್ತೀರ ಅನ್ಕೊಂಡು ಸುಮ್ನಾದೆ," ಎಂದರು ಮಧುಸೂದನ್. ಗೇಟಿನ ಚಿಲಕ ತೆಗೆದು ಸ್ವಲ್ಪ ಹೊತ್ತು ಹಾಗೇ ಹಿಡಿದು ನಿಂತರು. "ಒಳಗ್ ಬನ್ನಿ. ನಿಂತ್ಕೊಂಡು ಮಾತಾಡೋದಲ್ಲ ಇದು."

ಸೋಫಾದ ತುದಿಯಲ್ಲಿ ಕೂತು ಕಾಳಪ್ಪ ಕಾಯುತ್ತಿದ್ದ. ಮಧುಸೂದನ್ ಅವರ ಹೆಂಡತಿ ರಂಗನಾಯಕಿ ಕಾಫಿ ತಂದಿಟ್ಟು, "ಆರತ್ತೆ, ತೊಗೊಳಿ," ಎಂದರು. ಮಧುಸೂದನ್ ಕಂಪನಿಗೆ ಮಾಡಿದ ಫೋನಿನಲ್ಲಿ ಬಹಳ ಹೊತ್ತು ಸಂಗೀತವೇ ಕೇಳಿಸಿತು. ಕೊನೆಗೊಬ್ಬಳು ಹುಡುಗಿ ಬಿಲ್ಲಿನ ನಂಬರು ಕೇಳಿದಳು, ಹೆಸರು ಕೇಳಿದಳು, ಯಾರಿಗೆ ಕೊಟ್ಟದ್ದೆಂದು ಕೇಳಿದಳು. "ನಮ್ಮ ಕಲೀಗ್‌ಗೆ," ಎಂದರು ಮಧುಸೂದನ್. ಸಾಹೇಬರು ಅಟೆಂಡರನನ್ನು ಹಾಗೆ ಕರೆದದ್ದನ್ನು ಕಾಳಪ್ಪ ಅವತ್ತೇ ಕೇಳಿದ್ದು. ಅವನು ಕಾಫಿಯ ಲೋಟದೊಳಗೆ ಕಣ್ಣು ನೆಟ್ಟ.

ಒಂದು ತಿಂಗಳ ಅವಧಿ ಸಿಕ್ಕಿತು. ಹೊಸ ನಂಬರು, ಹೊಸ ಪಿನ್ನು ಯಶೋಧರಾಳ ಮೊಬೈಲಿಗೆ ಹೋಯಿತು. "ಯಾರಿಗೂ ಕಳಿಸ್ಬೇಡಿ, ಯಾರು ಕೇಳಿದ್ರೂ ಹೇಳ್ಬೇಡಿ. ಇವತ್ತೇ ಬುಕ್ ಮಾಡ್ಬಿಡಿ," ಎಂದರು ಮಧುಸೂದನ್. ಕಾಳಪ್ಪ ಕೈಮುಗಿದು ಹೊರಟ. ದಾರಿಯುದ್ದಕ್ಕೂ ಜೇಬು ಮುಟ್ಟಿ ನೋಡಿಕೊಂಡ, ಅದರಲ್ಲಿ ಏನೂ ಇರಲಿಲ್ಲ. ಹಿಡಿಯುವುದಕ್ಕೆ ಒಂದು ಚೂರು ಕಾಗದವೂ ಇಲ್ಲದ ಆಸ್ತಿ ಅವನಿಗೆ ಇದೇ ಮೊದಲು. ಮನೆ ತಲುಪಿ ಚಪ್ಪಲಿ ಬಿಡುತ್ತಲೇ, "ಈಗ್ಲೇ ಮಾಡಮ್ಮ. ಬೆಳಗಾಗೋದು ಬೇಡ," ಎಂದ.

ಮೂವರೂ ಮಂಚದ ಮೇಲೆ ಕೂತರು. ಪಾರ್ವತಮ್ಮನ ಎಡಕ್ಕೆ ಕಾಳಪ್ಪ, ಎದುರಿಗೆ ಮೊಬೈಲು ಹಿಡಿದ ಮಗಳು. ಹೆಸರು, ವಯಸ್ಸು, ಹೋಗುವ ದಿನ ಎಲ್ಲ ತುಂಬಿದ್ದಾಯಿತು. ಪಿನ್ ಒತ್ತುವ ಮುಂಚೆ ಪರದೆಯ ಮೇಲೆ ವಿಮಾನದ ಸೀಟುಗಳ ಸಾಲು ಮೂಡಿತು.

"ಅಮ್ಮಾ, ನಿನಗೆ ಕಿಟಕಿ ಸೀಟು. ಎಡಗಡೆದು ಮುಂದೇನೇ ಖಾಲಿ ಇದೆ, ಹಾಕ್ಲಾ?"

ಪಾರ್ವತಮ್ಮ ತಡೆದಳು. ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಂಡಳು.

"ಬಲಗಡೇದು ನೋಡು ಮಗಾ. ಹಿಂದೆ ಆದ್ರೂ ಪರ್ವಾಗಿಲ್ಲ."

"ಯಾಕಮ್ಮ?"

"ಎಡಗಣ್ಣು ಆಗ್ಲೇ ಹೋಗಿದೆ ಕಣೆ. ದೀಪಾವಳೀಲೇ ಹೋಯ್ತು. ಆ ಕಡೆ ಏನಿದ್ರೂ ಕಾಣಲ್ಲ." ಅಳುಕಿಲ್ಲದೆ ಹೇಳಿದಳು. "ನಿಮ್ಮಪ್ಪ ಹೆದರ್ಕೋತಾರೆ ಅಂತ ಹೇಳ್ಲಿಲ್ಲ."

ಯಶೋಧರಾಳ ಬೆರಳು ಪರದೆಯ ಮೇಲೇ ನಿಂತಿತು. ಎಡಪಕ್ಕದಲ್ಲೇ ಕೂತಿದ್ದ ಕಾಳಪ್ಪನ ಕಡೆ ಪಾರ್ವತಮ್ಮ ತಿರುಗಿರಲಿಲ್ಲ, ಎದುರಿನ ಬೆಳಕನ್ನೇ ನೋಡುತ್ತಿದ್ದಳು.

ಅವನು ಎದ್ದ. ಮಂಚವನ್ನು ಸುತ್ತಿಕೊಂಡು ಬಂದು ಅವಳ ಬಲಕ್ಕೆ ಕೂತ.