ಗೀಸ್ಕೆ ಬಿಚ್ಚಿದ ಕೆಂಪು ದಾರ

ನಿಮ್ಮ ಜೇಬಿನ ಫೋನು ನೀವು ಹೋದಲ್ಲೆಲ್ಲ ಗುರುತು ಹಾಕಿಕೊಳ್ಳುತ್ತದೆ. ಇದು ನಿಮಗೆ ಗೊತ್ತು, ಗೊತ್ತಿದ್ದೂ ಸುಮ್ಮನಿದ್ದೀರಿ. ಸುಮ್ಮನಿರಲಾರದವಳು ಹಾರ್ಲಿಂಗನ್ ಬಂದರಿನ ಕಲಾವಿದೆ ಗೀಸ್ಕೆ. ಫೋನಿಡುವ ಜೇಬಿಗೆ ಸಿಗ್ನಲ್ ತಡೆಯುವ ಲೋಹದ ನೂಲಿನ ಅಸ್ತರು ಹೊಲಿದ ಹಸಿರು ಕೋಟು ತೊಟ್ಟು, ಎಡಗಾಲನ್ನು ತುಸು ಎಳೆಯುತ್ತ, ಬೀದಿಯ ಇಟ್ಟಿಗೆಹಾಸಿನ ಮೇಲೆಯೇ ದೃಷ್ಟಿ ನೆಟ್ಟು ಅವಳು ನಡೆಯುವ ರೀತಿ ಒಂದು ವ್ರತದಂತಿತ್ತು. ಅಲ್ಲಿನ ಕಿಟಕಿಗಳಿಗೆ ಪರದೆಯಿಲ್ಲ. ದೀಪ, ಊಟದ ಮೇಜು, ಮನೆಮಂದಿ ಎಲ್ಲವೂ ಬೀದಿಗೆ ತೆರೆದಿರುತ್ತವೆ. ತೆರೆದಿಡುವುದು ಮನೆಯವರ ಮರ್ಯಾದೆ, ನೋಡದಿರುವುದು ದಾರಿಹೋಕರ ಮರ್ಯಾದೆ.

ಈ ಮರ್ಯಾದೆ ಫೋನುಗಳ ಜಾಡು ಹಿಡಿಯುವ ಕಂಪನಿಗಳಿಗಿಲ್ಲವೆಂದು ಸಿಡಿದೇ ಅವಳು ತನ್ನ ಕೃತಿಗೆ ಕೈಹಚ್ಚಿದಳು. ಸೈಕಲ್ ಸವಾರಿಯ ಲೆಕ್ಕಕ್ಕೆಂದು ನೆರೆಯವರು ಫೋನಿಗೆ ಹಾಕಿಕೊಂಡ ಆ್ಯಪು ಅವರ ದಾರಿಗಳನ್ನೆಲ್ಲ ಅಂತರ್ಜಾಲದಲ್ಲಿ ಹರವಿಟ್ಟಿತ್ತು. ಸೀಮೆಯ ನಕ್ಷೆ ಬರೆದ ಬಿಳಿ ಪರದೆಗಳ ಮೇಲೆ ಆ ದಾರಿಗಳನ್ನು, ಹೆಸರು ಹಾಕದೆ, ಬಣ್ಣದ ದಾರಗಳಲ್ಲಿ ಕಸೂತಿ ಹಾಕಿ, ಹಳೆಯ ಮೀನಿನ ಗೋದಾಮಿನಲ್ಲಿ ತೂಗುಬಿಟ್ಟಳು. ಯಾರನ್ನೂ ಕೇಳಲಿಲ್ಲ.

ಬೀದಿಯವರು ಬಂದು ತಂತಮ್ಮ ಬಾಗಿಲಿನಿಂದ ಹೊರಟ ದಾರ ಹುಡುಕಿ ನಕ್ಕರು. ನಡುವಿನ ಪರದೆಯಲ್ಲಿ, ವಾರವಾರದ ಹೊಲಿಗೆ ಒಂದರ ಮೇಲೊಂದು ಬಿದ್ದು ಹುರಿಯಷ್ಟು ದಪ್ಪವಾದ ಕೆಂಪು ದಾರವಿತ್ತು. ಚೆಂದ ಕಂಡಿತೆಂದೇ ಗೀಸ್ಕೆ ಅದನ್ನು ನಡುವಿಗೆ ತಂದಿದ್ದಳು, ಎಲ್ಲಿ ಮುಗಿಯುತ್ತದೆಂದು ಯೋಚಿಸಿರಲಿಲ್ಲ. ಬೇಕರಿಯ ಬೌಕ್ಯೆ ಅದರ ಜಾಡಿನಲ್ಲಿ ಬೆರಳಾಡಿಸಿದಳು. ಹೊರಟದ್ದು ಗೀಸ್ಕೆಯ ಪಕ್ಕದ ಮನೆಯ ಮುದುಕ ವೊಬ್ಬೆಯ ಬಾಗಿಲಿನಿಂದ. ಮಗ ನಾರ್ವೆಯ ಹಡಗಿನಲ್ಲಿದ್ದಾನೆಂದು ಹೇಳಿಕೊಂಡು ಬಂದವನು ಆತ.

"ಏನ್ ವೊಬ್ಬೆ, ನಾರ್ವೆ ಹಡಗು ಈಗ ಲೇವಾರ್ಡನ್ ಜೈಲಿನ ಬಾಗಿಲಿಗೇ ಬರುತ್ತಾ?"

ನಗು ನಿಂತಿತು. ವೊಬ್ಬೆ ಬೌಕ್ಯೆಯತ್ತ ತಿರುಗಲೇ ಇಲ್ಲ.

"ಗೀಸ್ಕೆ, ನನ್ನ ಕಿಟಕಿಗೆ ಯಾವತ್ತೂ ಪರದೆ ಇರ್ಲಿಲ್ಲ. ನೀನು ಒಂದ್ಸಲನೂ ಇಣುಕಿದವಳಲ್ಲ. ಇಲ್ಲಿ ಯಾಕೆ ಇಣುಕಿದೆ?"

"ಅದು ಎಲ್ರಿಗೂ ತೆರೆದೇ ಇತ್ತು," ಎಂದಳು ಗೀಸ್ಕೆ.

"ಕಿಟಕೀನೂ ತೆರೆದೇ ಇತ್ತಲ್ಲ, ಮಗಳೇ."

ಕೆಂಪು ದಾರವನ್ನು ಅವಳು ಅಲ್ಲೇ ಬಿಚ್ಚಿದಳು. ಸೂಜಿಯ ತೂತುಗಳು ಉಳಿದವು. ಬೆಳಕಿಗೆ ಹಿಡಿದರೆ ಜೈಲಿನವರೆಗಿನ ದಾರಿ ಈಗಲೂ ಕಾಣುತ್ತದೆ. ವೊಬ್ಬೆಯ ಕಿಟಕಿಗೆ ಕಂದು ಪರದೆ ಬಂತು, ಇಡೀ ಬೀದಿಗೆ ಅದೊಂದೇ. ಗೀಸ್ಕೆ ಇಂದಿಗೂ ನೆಲ ನೋಡಿಯೇ ನಡೆಯುತ್ತಾಳೆ. ಅದು ಮರ್ಯಾದೆಯೋ ನಾಚಿಕೆಯೋ ಅವಳಿಗೇ ತಿಳಿಯದು.

ಇಂಥವರು ಕೆಟ್ಟವರಲ್ಲ. ಕಳ್ಳನ ಕೈಚಳಕವನ್ನು ಲೋಕಕ್ಕೆ ತೋರಿಸುವ ಆವೇಶದಲ್ಲಿ ಅವನು ಮುರಿದ ಬಾಗಿಲಿನಿಂದಲೇ ಒಳನುಗ್ಗುತ್ತಾರೆ. ಒಳಗೊಬ್ಬ ಮನುಷ್ಯ ಕೂತಿರುವುದನ್ನು ಮರೆಯುತ್ತಾರೆ. ನೀವೂ ನಿನ್ನೆ ಯಾರದೋ ಫೋಟೊವನ್ನು, ಯಾರದೋ ಅಳುವನ್ನು, ತೆರೆದೇ ಇತ್ತೆಂದು ಹತ್ತು ಜನಕ್ಕೆ ಕಳಿಸಿದಿರಲ್ಲವೆ? ಇನ್ನೊಮ್ಮೆ ಕಳಿಸುವ ಮೊದಲು ಅವರನ್ನು ಕೇಳಿ.