ದಾರಿಗೆ ಸಾಕ್ಷಿಯಾದ ಬುತ್ತಿಬುಟ್ಟಿ

ನಾನು ಒಂದು ಬುತ್ತಿಬುಟ್ಟಿ. ಮೇದಾರ ದುರಗವ್ವ ಹಸಿ ಬಿದಿರು ಸೀಳಿ ನನ್ನನ್ನು ಹೆಣೆದಳು. ಬಾಯಿಗೆ ಎರಡು ಸುತ್ತು ಹೆಚ್ಚಿಗೆ ಹಾಕಿ, "ಇದು ನನಗಿಂತ ಹೆಚ್ಚು ಬಾಳತೈತಿ" ಎಂದಳು. ನನ್ನನ್ನು ಕೊಂಡ ಶಿವಗಂಗವ್ವ ಮೆಂತ್ಯದ ಹಿಟ್ಟು, ಹಳೆ ಕಾಗದ ಅರೆದು ವರ್ಷಕ್ಕೊಮ್ಮೆ ಮೈಗೆಲ್ಲ ಮೆತ್ತುತ್ತಿದ್ದಳು. ಉಳಿದ ಪಾತ್ರೆಗಳು ಮನುಷ್ಯರನ್ನು ಕೆಳಗಿನಿಂದ ನೋಡುತ್ತವೆ. ನಾನು ತಲೆಯ ಮೇಲೆ ಕೂತು ನೋಡಿದ್ದೇನೆ. ಸ್ವಲ್ಪ ಜಂಬ ಇದ್ದೇ ಇದೆ.

ನಮ್ಮ ನಾಲ್ಕೆಕರೆ ಎರೆಹೊಲಕ್ಕೆ ಇದ್ದದ್ದು ಒಂದೇ ದಾರಿ, ಫಕ್ಕೀರಗೌಡರ ಹೊಲ ಹಾಯುವ ಬಂಡಿದಾರಿ. ಮಿಕ್ಕ ಕಡೆಯೆಲ್ಲ ಹಳ್ಳದ ಕಡಿದಾದ ದಡ. ಇಪ್ಪತ್ತು ವರ್ಷಕ್ಕೂ ಮಿಕ್ಕಿ ದಿನವೂ ಆ ದಾರಿಯಲ್ಲೇ ರೊಟ್ಟಿ, ಪಲ್ಯ ಹೊತ್ತು ಹೋದೆ. ಎಳ್ಳಮಾವಾಸ್ಯೆಯ ದಿನ ನನ್ನ ಠೀವಿಯೇ ಬೇರೆ. ಹೋಳಿಗೆ, ಕಡಬು, ಸಜ್ಜೆರೊಟ್ಟಿ ತುಂಬಿಕೊಂಡು ಹೊಲಕ್ಕೆ ಹೋಗಿ, ಭೂಮಿಗೆ ಎಡೆಯಾಗಿ ಚರಗ ಚೆಲ್ಲಿ ಉಂಡ ಮೇಲೆ, ಇನ್ನೊಂದು ಪಾಲು ಹೊತ್ತು ಗೌಡರ ಮನೆಗೆ ಹೋಗುತ್ತಿದ್ದೆ. ಗೌಡರ ಹೆಂಡತಿ ಗೌರವ್ವ ನನ್ನನ್ನು ಬರಿದು ಮಾಡಿ, ಸೌತೆಕಾಯಿ, ಹಸಿಕಡಲೆ ತುಂಬಿ ಕಳಿಸುತ್ತಿದ್ದಳು.

ಶಿವಗಂಗವ್ವ ತೀರಿಕೊಂಡ ಮೇಲೆ ನಾನು ಸೊಸೆ ನಿಂಬೆವ್ವನ ತಲೆಗೇರಿದೆ. ಅತ್ತೆಯದು ಮೆತ್ತಗಿನ ನಡಿಗೆ. ಈಕೆಯದು ದಡದಡ, ನನ್ನೊಳಗಿನ ಗಡಿಗೆಯ ಸಾರು ಎಷ್ಟೋ ಸಲ ತುಳುಕಿದೆ.

ಗೌಡರ ಕೊಳವೆಬಾವಿಗೆ ನೀರು ಬಿದ್ದ ವರ್ಷ ಅವರಿಗೆ ಕಬ್ಬಿನ ಆಸೆ ಹತ್ತಿತು. ದಾರಿಯನ್ನು ಉತ್ತು, ಜಾಲಿಮುಳ್ಳಿನ ಬೇಲಿ ಬಡಿದರು. ನಿಂಬೆವ್ವ ಬೇಲಿಯ ಮುಂದೆ ನಿಂತಳು.

"ಒಂದ ಮಾತು ನನ್ನ ಅಪ್ಪಣಿ ಕೇಳು, ಬದುವಿನ ಮ್ಯಾಲೆ ನಡಕೋತ ಹೋಗಾಕ ಬಿಡ್ತೀನಿ" ಎಂದರು ಗೌಡರು.

"ನಮ್ಮತ್ತಿ ಕೇಳಿಲ್ಲ. ನಾನೂ ಕೇಳೂದಿಲ್ಲ."

ಬಂಡಿ ಹೋಗದ ಹೊಲದಲ್ಲಿ ಬಿತ್ತುವುದು ಹೇಗೆ? ಹೊಲವನ್ನು ಗೌಡರಿಗೇ ಮಾರಿ ಕೈ ತೊಳೆದುಕೊಳ್ಳೋಣ ಎಂದ ಗಂಡ. ನಿಂಬೆವ್ವ ಮರುದಿನವೇ ತಾಲೂಕು ಕೋರ್ಟಿಗೆ ಹೋದಳು. ವಕೀಲರು ಬಿಡಿಸಿ ಹೇಳಿದರು: ಯಾರನ್ನೂ ಕೇಳದೆ, ಎಲ್ಲರೂ ನೋಡುವಂತೆ ಇಪ್ಪತ್ತು ವರ್ಷ ನಡೆದಿದ್ದರೆ ಅದು ಹಕ್ಕು, ಅಪ್ಪಣೆ ಪಡೆದು ನಡೆದಿದ್ದರೆ ಬರೀ ದಾಕ್ಷಿಣ್ಯ.

ಮೂರು ವರ್ಷ ತಾರೀಖಿನ ಮೇಲೆ ತಾರೀಖು. ಪ್ರತಿ ಸಲವೂ ಬುತ್ತಿ ಹೊತ್ತು ನಾನೂ ಹೋದೆ. ಕೊನೆಗೆ ನಿಂಬೆವ್ವ ಕಟಕಟೆ ಹತ್ತಿದಾಗ ನಾನು ಅವಳ ಕಾಲ ಬಳಿಯೇ ಇದ್ದೆ.

"ವರ್ಷಾ ಎಳ್ಳಮಾವಾಸ್ಯೆಗೆ ಗೌಡರ ಮನಿಗೆ ಬುಟ್ಟಿ ತುಂಬಿ ಕೊಡ್ತಿದ್ರಿ, ಹೌದಲ್ಲ?" ಎಂದರು ಗೌಡರ ವಕೀಲರು.

ಬುಟ್ಟಿಯ ಮಾತೆತ್ತಬೇಡ ಎಂದು ನಮ್ಮ ವಕೀಲರು ನೂರು ಸಲ ಹೇಳಿದ್ದರು. ಅವಳು ನನ್ನನ್ನು ನೋಡಿದಳು. "ಹೌದ್ರಿ" ಎಂದಳು. ನಮ್ಮ ವಕೀಲರು ತಲೆಗೆ ಕೈ ಹಚ್ಚಿದರು.

"ಅಂದ್ರ ವರ್ಷಾ ವರ್ಷಾ ಕಾಣಿಕಿ ಕೊಟ್ಟು ಅಪ್ಪಣಿ ಪಡದೀರಿ."

"ಹಂಗಿದ್ರ ಗೌರವ್ವ ತಿರುಗಿ ತುಂಬಿ ಕೊಟ್ಟದ್ದು ಯಾವ ಅಪ್ಪಣಿಗ್ರಿ? ಆಕಿ ನಮ್ಮ ಹೊಲ ಹಾದು ಎಲ್ಲಿಗೂ ಹೋಗೂದಿಲ್ಲ."

ನನಗೆ ಎದ್ದು ಕುಣಿಯಬೇಕೆನಿಸಿತು. ಮುಂದಿನ ತಾರೀಖಿಗೆ ಗೌಡರ ಸಾಕ್ಷಿ. ನಮ್ಮ ವಕೀಲರು ನನ್ನನ್ನೇ ಮೇಜಿನ ಮೇಲಿಟ್ಟು ಕೇಳಿದರು: "ಗೌಡ್ರ, ಈ ಬುಟ್ಟಿ ನಿಮ್ಮ ಮನಿಯಿಂದ ತುಂಬಿ ಬರ್ತಿತ್ತೋ, ಖಾಲಿ ಬರ್ತಿತ್ತೋ?"

ಖಾಲಿ ಎಂದಿದ್ದರೆ ಅದು ಕಾಣಿಕೆಯೇ ಎಂದಾಗಿ ಮೊಕದ್ದಮೆ ಅವರ ಕಡೆ ವಾಲುತ್ತಿತ್ತು. ಅವರ ವಕೀಲರು ಕಣ್ಣಲ್ಲೇ ಅದನ್ನು ಹೇಳುತ್ತಿದ್ದರು. ಆದರೆ ಹಬ್ಬದ ಬುಟ್ಟಿಯನ್ನು ಬರಿದೇ ಕಳಿಸಿದ ಮನೆ ಎಂದು ಊರಿಗೆ ಊರೇ ಆಡಿಕೊಳ್ಳುವುದಿಲ್ಲವೇ? ಗೌಡರು ಮೀಸೆ ತಿರುವಿದರು.

"ನಮ್ಮ ಮನಿಯಿಂದ ಖಾಲಿ ಬುಟ್ಟಿ ಹೋಗೂದಿಲ್ರಿ" ಎಂದರು.

ಎಂಟು ಅಡಿಯ ದಾರಿಯನ್ನು ಬಿಟ್ಟುಕೊಡಬೇಕೆಂದು ತೀರ್ಪಾಯಿತು. ಬೇಲಿ ಕಿತ್ತ ದಿನ ನಿಂಬೆವ್ವ ಅತ್ತೆಯನ್ನು ನೆನೆದು ಅತ್ತಳು. ನನಗೂ ಸಂಕಟವಾಯಿತು.

ಆ ಎಳ್ಳಮಾವಾಸ್ಯೆಗೆ ಗಂಡ ಬೇಡವೆಂದರೂ ಕೇಳದೆ ನನ್ನನ್ನು ತುಂಬಿ ಗೌಡರ ಕಟ್ಟೆಯ ಮೇಲಿಟ್ಟು ಬಂದಳು. ಇಳಿಹೊತ್ತಿಗೆ ಗೌಡರೇ ನನ್ನನ್ನು ಹೊತ್ತು ಆ ದಾರಿಯಲ್ಲೇ ನಡೆದು ನಮ್ಮ ಹೊಲಕ್ಕೆ ಬಂದರು. ಅವರ ತಲೆ ನನಗೆ ಹೊಸದು, ರುಮಾಲು ಮೆತ್ತಗಿತ್ತು.

"ದಾರಿ ಕೋರ್ಟು ಕೊಟ್ಟದ್ದು. ಸೌತೀಕಾಯಿ ನಮ್ಮ ಮನೀದು" ಎಂದು ಇಳಿಸಿ, ನೀರೂ ಕುಡಿಯದೆ ಹೋದರು.

ಈಗ ನನ್ನ ತಳ ಜಾಳಾಗಿದೆ. ಅಡುಗೆಮನೆಯ ಮೂಲೆಯ ಗೂಟಕ್ಕೆ ತೂಗುಹಾಕಿದ್ದಾರೆ. ಒಳಗೆ ತೀರ್ಪಿನ ನಕಲು ಇದೆ, ಅದರ ಮೇಲೆ ಗೌರವ್ವನ ಸೌತೆಯ ಬೀಜ. ಬರುವ ಮುಂಗಾರಿಗೆ ನಿಂಬೆವ್ವ ಬೀಜವನ್ನು ಬಿತ್ತುತ್ತಾಳೆ. ಕಾಗದವನ್ನು ಮಾತ್ರ ನನ್ನಲ್ಲೇ ಬಿಡು ತಾಯಿ, ಖಾಲಿ ಇದ್ದು ನನಗೆ ರೂಢಿಯಿಲ್ಲ.